ಶಾಲು ಮಾಲೆ ಅಲ್ಲ, ಶಾಲ್ಮಲಾ

ನಿನ್ನೆ ಸಂಜೆಯ ಸಿಟ್ಟು ಇನ್ನೂ ಇಳಿದಿಲ್ಲ. ಬೆಳಿಗ್ಗೆ ತೆಳ್ಳೇವು ಎರೆಯುವಾಗ ಎರಡು ಕಾವಲಿಗೇ ಹಿಡಿದು ಕರಕಲಾದವು. ಮೂರನೆಯದನ್ನು ಎಬ್ಬಿಸುತ್ತಿದ್ದಾಗ ಯಜಮಾನರು ಹಿಂದಿನಿಂದ ಬಂದು, "ಶಾಲು ಮಾಲೆಯವರೇ, ಚಟ್ನಿ ಎಲ್ಲಿದೆ?" ಅಂದರು. ಚಟ್ನಿ ಎಲ್ಲಿದೆ ಅಂತ ನಾನು ಹೇಳಲಿಲ್ಲ.

ನನ್ನ ಹೆಸರು ಶಾಲ್ಮಲಾ. ಲಕಾರಕ್ಕೆ ಮಕಾರದ ಒತ್ತು, ಅಷ್ಟೇ. ಇದಕ್ಕಿಂತ ಕಷ್ಟದ ಒತ್ತು 'ಲಕ್ಷ್ಮೀ'ಯಲ್ಲಿದೆ. ಅದನ್ನು ಎಲ್ಲರೂ ನಿದ್ದೆಗಣ್ಣಲ್ಲೂ ಸರಿಯಾಗಿ ಹೇಳುತ್ತಾರೆ. ನನ್ನ ಹೆಸರಿಗೆ ಬಂದ ಕೂಡಲೇ ನಾಲಿಗೆ ಜಾರಿ ಶ್ಯಾಮಲಾ ಆಗುತ್ತದೆ. ಆಧಾರ್‌ನಲ್ಲಿ ನಾನು ಶಾಲ್ಮಲಾ, ಪಾಸ್‌ಬುಕ್ಕಿನಲ್ಲಿ ಶ್ಯಾಮಲಾ, ರೇಷನ್ ಕಾರ್ಡಿನಲ್ಲಿ ಶಲಮಲ. ಮೂವರೂ ಒಬ್ಬಳೇ ಎಂದು ಅಫಿಡವಿಟ್ ಮಾಡಿಸಿದೆ. ಅದರಲ್ಲಿ ನಾಲ್ಕನೆಯವಳೊಬ್ಬಳು ಹುಟ್ಟಿಕೊಂಡಳು, ಶರ್ಮಿಲಾ.

ನಿನ್ನೆ ಕುಮಟೆಯಲ್ಲಿ ನಮ್ಮ ಕೇರಿಯ ಮಹಿಳಾ ಮಂಡಳದ ವಾರ್ಷಿಕೋತ್ಸವ ಇತ್ತು. ಪ್ರಾರ್ಥನೆ ನನ್ನದು. ನಿರೂಪಣೆಗೆ ಒಬ್ಬ ಹುಡುಗ, ಹೊಸ ಜುಬ್ಬಾ, ಎರಡು ವಾಕ್ಯಕ್ಕೊಮ್ಮೆ "ಇದೀಗ". ಕಾರ್ಯಕ್ರಮದ ಪಟ್ಟಿಯನ್ನು ಅವನು ಕೈಯಲ್ಲಿ ಬರೆದಿರಲಿಲ್ಲ. ಫೋನಿಗೆ ಬಾಯಲ್ಲಿ ಹೇಳಿ ಬರೆಸಿದ್ದನಂತೆ. ಫೋನು ತನಗೆ ಗೊತ್ತಿದ್ದ ಕನ್ನಡ ಬರೆದಿದೆ.

"ಇದೀಗ ಪ್ರಾರ್ಥನೆ... ಶಾಲು, ಮಾಲೆ!" ಎಂದು ಘೋಷಿಸಿದ.

ನಾನು ಆಗಲೇ ಮೈಕಿನ ಮುಂದೆ ನಿಂತಿದ್ದೆ. ಶ್ರುತಿಪೆಟ್ಟಿಗೆ ಗುಂಯ್ ಅನ್ನುತ್ತಿತ್ತು. ಗಣಪತಿಯನ್ನು ನೆನೆದು ಬಾಯಿ ತೆರೆದೆ. ಅಷ್ಟರಲ್ಲಿ ಇಬ್ಬರು ಹುಡುಗಿಯರು ಹರಿವಾಣ ಹಿಡಿದು ನನ್ನ ಮುಂದಿನಿಂದಲೇ ಹಾದು ಹೋದರು. ಹರಿವಾಣದಲ್ಲಿ ಶಾಲು, ಸೇವಂತಿಗೆ ಮಾಲೆ, ತೆಂಗಿನಕಾಯಿ. ಸೀದಾ ಹೋಗಿ ಮುಖ್ಯ ಅತಿಥಿಗಳ ಕೊರಳಿಗೆ ಮಾಲೆ ಹಾಕಿಯೇಬಿಟ್ಟರು. ಅಧ್ಯಕ್ಷೆ ಒಂದು ಗಳಿಗೆ ಕಕ್ಕಾಬಿಕ್ಕಿಯಾದರು. ಆಮೇಲೆ, ಶುರುವಾದದ್ದನ್ನು ನಿಲ್ಲಿಸುವುದು ಹೇಗೆ ಅಂತ ಎದ್ದು ಶಾಲು ಹೊದಿಸಿದರು. ಅತಿಥಿಗಳಿಗೆ ಮಾತ್ರ ಏನೂ ಆಶ್ಚರ್ಯ ಆದಂತೆ ಕಾಣಲಿಲ್ಲ. ಪಾಪ, ಶಾಲು ಯಾವ ಹೊತ್ತಿಗೆ ಬಂದರೂ ತಲೆ ಬಗ್ಗಿಸಿ ಅಭ್ಯಾಸ. ಸಭೆ ಚಪ್ಪಾಳೆ ತಟ್ಟಿತು. ಫೋಟೋ ತೆಗೆದರು. ಆ ಫೋಟೋ ಈಗ ಮಂಡಳದ ಗ್ರೂಪಿನಲ್ಲಿದೆ. ಅತಿಥಿಗಳ ಹಿಂದೆ ಬಾಯಿ ತೆರೆದು ನಿಂತವಳು ನಾನು.

"ಇದೀಗ ಸ್ವಾಗತ" ಎಂದು ಹುಡುಗ ಮುಂದಕ್ಕೆ ಹೋಗಿಯೇಬಿಟ್ಟ. ನಾನು ಶ್ರುತಿಪೆಟ್ಟಿಗೆ ಬಂದ್ ಮಾಡಿ ಕುರ್ಚಿಗೆ ಬಂದೆ.

ಅಸಲಿಗೆ ಆ ಶಾಲು ಬಂದಿದ್ದು ನಿವೃತ್ತರಾದ ಅಕ್ಕೋರ ಸನ್ಮಾನಕ್ಕೆ. ಅವರ ಸರದಿ ಬಂದಾಗ ಹರಿವಾಣದಲ್ಲಿ ಎರಡು ಬಾಳೆಹಣ್ಣು ಇದ್ದವು. ಎಲ್ಲರೂ ಅತಿಥಿಗಳ ಕಡೆ ನೋಡಿದರು. ಅವರು ಅಷ್ಟರಲ್ಲಿ ಶಾಲನ್ನು ನಾಲ್ಕು ಮಡಿಕೆ ಮಾಡಿ, ಚೀಲಕ್ಕೆ ಹಾಕಿ, ಜಿಪ್ ಎಳೆದಾಗಿತ್ತು. ಎಳೆದ ಜಿಪ್ಪನ್ನು ತೆಗೆಸುವವರು ಯಾರು? ಕಡೆಗೆ ಅಕ್ಕೋರೇ ಮೈಕ್ ತಗೊಂಡರು. "ಈ ಸೆಕೆಗೆ ಶಾಲು ಎಂತಕ್ಕೆ? ಪ್ರಾರ್ಥನೆ ಆಗಲೇ ಇಲ್ಲವಲ್ಲ, ಅದೊಂದು ಆಗಲಿ" ಅಂದರು. ನನಗೆ ಕಣ್ಣು ತುಂಬಿ ಬಂತು. ಆಮೇಲೆ ನನ್ನ ಕಡೆ ತಿರುಗಿ, "ಬಾ, ಹಾಡು ಶ್ಯಾಮಲಾ" ಅಂದರು.

ಹೆಸರು ಸರಿಯಾಗಿ ಕೇಳಿಸಿಕೊಂಡವರ ಕಾಟ ಬೇರೆ. "ಅರ್ಥ ಎಂತದು?" ಎನ್ನುತ್ತಾರೆ. ಸಂಸ್ಕೃತದಲ್ಲಿ ಶಾಲ್ಮಲಿ ಅಂದರೆ ಬೂರುಗದ ಮರ ಎನ್ನುತ್ತೇನೆ. ಮಲ್ಲಿಗೆ, ಸಂಪಿಗೆ ಎಂಬ ಹೆಸರು ಕೇಳಿ ಅರಳುವ ಮುಖ ಇದಕ್ಕೆ ಅರಳುವುದಿಲ್ಲ. "ಓ, ದಿಂಬಿನ ಹತ್ತಿ" ಎಂದು ನನ್ನನ್ನು ಮೇಲಿಂದ ಕೆಳಗೆ ನೋಡುತ್ತಾರೆ. ಹೆರಿಗೆ ಆದಮೇಲೆ ನಾನು ಸ್ವಲ್ಪ ದಪ್ಪ ಆಗಿರುವುದು ಹೌದು.

ನಮ್ಮ ದೊಡ್ಡಪ್ಪ ಇನ್ನೂ ಮುಂದೆ ಹೋದವರು. ಭಾಗವತದ ಐದನೇ ಸ್ಕಂಧ ಬಿಡಿಸಿ, ಕನ್ನಡಕ ಮೂಗಿನ ತುದಿಗೆ ಇಳಿಸಿ, ನನ್ನ ಹೆಸರು ಹುಡುಕಿದರು. ಶಾಲ್ಮಲೀ ದ್ವೀಪ ಸಿಕ್ಕಿತು. ಸಪ್ತದ್ವೀಪಗಳಲ್ಲಿ ಅದೂ ಒಂದು. ಸುತ್ತಲೂ ಸಮುದ್ರ ಇದೆ, ಆದರೆ ನಮ್ಮ ಹಾಗೆ ಉಪ್ಪುನೀರಿನದ್ದಲ್ಲ, ಹೆಂಡದ್ದು. ಪುಟ ಮಗುಚಿದರೆ ಇಪ್ಪತ್ತೆಂಟು ನರಕಗಳ ಪಟ್ಟಿ. ಅದರಲ್ಲಿ ವಜ್ರಕಂಟಕ ಶಾಲ್ಮಲಿ. ವಜ್ರದಂಥ ಮುಳ್ಳಿನ ಬೂರುಗದ ಮರ, ಅದರ ಮೇಲೆ ಪಾಪಿಗಳನ್ನು ಎಳೆದಾಡುತ್ತಾರಂತೆ. ದೊಡ್ಡಪ್ಪ ಪುಸ್ತಕ ಮುಚ್ಚಿ, "ಅಡ್ಡಿಲ್ಲೆ, ಹೆಸರು ಒಳ್ಳೆದೇಯ" ಅಂದರು. ಮುಂದಿನ ಹಬ್ಬಕ್ಕೆ ಬಂದಾಗ ಅದನ್ನೇ ನನ್ನ ಗಂಡನಿಗೂ ಓದಿ ಹೇಳಿದರು. ಅವರು ಅವತ್ತಿನಿಂದ ಮುಳ್ಳಿನ ಭಾಗ ಮಾತ್ರ ನೆನಪಿಟ್ಟುಕೊಂಡಿದ್ದಾರೆ.

ಅಪ್ಪ ಇಟ್ಟಿದ್ದು ಮರದ ಹೆಸರಲ್ಲ, ಹೊಳೆಯದ್ದು. ಶಿರಸಿಯಿಂದ ಯಲ್ಲಾಪುರ ರಸ್ತೆಯಲ್ಲಿ 15 ಕಿ.ಮೀ. ಆಸುಪಾಸು ಹೋದರೆ ಸಹಸ್ರಲಿಂಗ. ಶಾಲ್ಮಲಾ ಹೊಳೆಯ ಬಂಡೆಗಳ ಮೇಲೆಲ್ಲ ಲಿಂಗ, ನಂದಿ. ಸೋದೆಯ ಅರಸ ಸದಾಶಿವರಾಯನ ಕಾಲದ್ದು (1678–1718) ಎನ್ನುತ್ತಾರೆ. ಮಳೆಗಾಲದಲ್ಲಿ ಮುಳುಗಿ, ನೀರಿಳಿದ ಮೇಲೆ ಕಾಣುತ್ತವೆ. ನಾನು ಹುಟ್ಟಿದ್ದು ಶಿವರಾತ್ರಿಯ ಮರುದಿನ. ಹಿಂದಿನ ದಿನ ಅಪ್ಪ ಅಲ್ಲೇ ಇದ್ದರು, ಹೊಳೆ ನೀರಲ್ಲಿ ಮೊಣಕಾಲವರೆಗೆ ನಿಂತು ಲಿಂಗಕ್ಕೆ ನೀರು ಹಾಕುತ್ತಾ. ಹೆಸರು ಅಲ್ಲೇ ನಿಕ್ಕಿ ಆಯಿತಂತೆ. ತಂಗಿ ಹುಟ್ಟುವಾಗ ಅವರು ಬನವಾಸಿಗೆ ಹೋಗಿದ್ದರು. ಅವಳಿಗೆ ವರದಾ. ಅವಳ ಪಾಸ್‌ಬುಕ್ಕು, ಆಧಾರು ಎಲ್ಲ ಸರಿ ಇದೆ. ಕುಮಟೆ ಕಡೆ ಬಂದಿದ್ದರೆ ಅಘನಾಶಿನಿ ಆಗುತ್ತಿತ್ತು. ಪಾಪ ತೊಳೆಯುವವಳು ಎಂದು ಅರ್ಥ, ಆದರೆ ಬ್ಯಾಂಕಿನವರ ಪಾಪ ಯಾರು ತೊಳೆಯಬೇಕು?

ಧಾರವಾಡದವರಿಗೆ ನನ್ನ ಹೆಸರು ಹೇಳಿದರೆ ಖುಷಿ ಪಡುತ್ತಾರೆ, ಜೊತೆಗೆ ಜಗಳಕ್ಕೂ ಬರುತ್ತಾರೆ. "ಅದು ನಮ್ಮೂರ ಹೊಳೀರೀ, ಸೋಮೇಶ್ವರ ಗುಡಿ ಹತ್ರ ಹುಟ್ಟೋದು. ನಿಮಗ ಹೆಂಗ ಬಂತ್ರೀ?" ಅಲ್ಲಿಯವರು ಅದನ್ನು ಗುಪ್ತಗಾಮಿನಿ ಎನ್ನುತ್ತಾರೆ. ನನ್ನ ಕಾಗದಪತ್ರಗಳಲ್ಲೂ ಅದು ಹಾಗೇ ಹರಿದಿದೆ.

ಒಂದು ವಿಚಿತ್ರ ಏನೆಂದರೆ, ಇಷ್ಟು ಪ್ರೀತಿಯಿಂದ ಇಟ್ಟ ಹೆಸರನ್ನು ಅಪ್ಪ ಒಂದು ದಿನವೂ ಕರೆಯಲಿಲ್ಲ. ಕಡೆಯವರೆಗೂ "ಕೂಸೇ" ಅಂತಲೇ. ಆದರೆ ನನ್ನ ಮದುವೆ ಕಾಗದದ ಪ್ರೂಫ್ ಮೂರು ಸಲ ವಾಪಸ್ ಕಳಿಸಿದ್ದರು. ಮೊದಲು ಶ್ಯಾಮಲಾ ಬಂತು. ಆಮೇಲೆ ಶಲ್ಮಲಾ. ಆಮೇಲೆ ಶಾಲ್ಮಾಲ. ನಾಲ್ಕನೇ ಸಲ ಅಡಿಕೆ ಮಂಡಿಯಿಂದ ಸೀದಾ ಪ್ರೆಸ್ಸಿಗೆ ಹೋಗಿ, ಟೈಪ್ ಮಾಡುವ ಹುಡುಗನ ಪಕ್ಕ ಸ್ಟೂಲು ಹಾಕಿಕೊಂಡು ಕೂತರು. ಮೂರನೇ ಪ್ರೂಫ್ ನನ್ನ ಟ್ರಂಕಿನಲ್ಲಿದೆ. ಕೆಂಪು ಪೆನ್ನಿನಲ್ಲಿ ಹೆಸರಿಗೆ ಗೋಲ ಹಾಕಿ, ಪಕ್ಕದಲ್ಲಿ ದೊಡ್ಡದಾಗಿ ಸರಿಯಾಗಿ ಬರೆದಿದ್ದಾರೆ. ಕವಳದ ಒಂದು ಕಲೆಯೂ ಇದೆ. ಅವರು ಹೋಗಿ ಮೂರು ವರ್ಷ ಆಯಿತು. ನಿನ್ನೆ ರಾತ್ರಿ ತೆಗೆದು ನೋಡಿ, ಮತ್ತೆ ಮಡಚಿ ಇಟ್ಟೆ.

ಈಗ, ಇದನ್ನು ಬರೆಯುತ್ತಾ ಕೂತಾಗ ಆ ನಿರೂಪಣೆಯ ಹುಡುಗನ ಫೋನು ಬಂತು. "ಅಕ್ಕಾ, ನಿನ್ನೆ ಬಹಳ ತಪ್ಪಾಯ್ತು. ನಿಮ್ಮ ಹೆಸರು ಒಮ್ಮೆ ನಿಧಾನಕ್ಕೆ ಹೇಳಿ, ಸೇವ್ ಮಾಡ್ಕೊಳ್ತೇನೆ." ಬಿಡಿಸಿ ಬಿಡಿಸಿ ಹೇಳಿದೆ. ಅವನೂ ಎರಡು ಸಲ ತಪ್ಪಿಲ್ಲದೆ ಹೇಳಿದ. ಒಳ್ಳೆಯ ಹುಡುಗನೇ, ಸುಮ್ನೆ ಬೈದುಕೊಂಡೆ ಅನ್ನಿಸಿತು. ಫೋನಿಟ್ಟ ಐದು ನಿಮಿಷಕ್ಕೆ ಮೆಸೇಜ್ ಬಂತು. ಅದನ್ನೂ ಬಾಯಲ್ಲೇ ಹೇಳಿ ಬರೆಸಿರಬೇಕು.

"ಕ್ಷಮಿಸಿ ಶಾಮಿಯಾನ ಅಕ್ಕ."

ಶಾಲು ಆಯಿತು, ಮಾಲೆ ಆಯಿತು, ಶಾಮಿಯಾನ ಆಯಿತು. ಇನ್ನು ಕುರ್ಚಿ ಬಾಡಿಗೆ ಒಂದು ಬಾಕಿ.