ಮೆನ್ಶಿಕ್ ಬರೀ ಕಾಮಿಡಿ ನಟ ಅಲ್ಲ

ವ್ಲಾದಿಮೀರ್ ಮೆನ್ಶಿಕ್ ಹೆಸರು ಬಂದ ಕೂಡಲೇ ‘ಓ, ಆ ಜೆಕ್ ಕಾಮಿಡಿ ನಟ’ ಅಂತ ಒಂದೇ ಮಾತಲ್ಲಿ ಮುಗಿಸಿದರೆ ನನಗೆ ಬೇಸರವಾಗುತ್ತದೆ. ನಗಿಸಿದ್ದು ನಿಜ. ಹೊಟ್ಟೆ ಹುಣ್ಣಾಗುವಷ್ಟು ನಗಿಸಿದರು. ಆದರೆ ನೂರಕ್ಕೂ ಹೆಚ್ಚು ಸಿನಿಮಾಗಳಲ್ಲಿ, ಹೆಚ್ಚಾಗಿ ಸಣ್ಣಪುಟ್ಟ ಪಾತ್ರಗಳಲ್ಲಿ, ಅವರು ಮನುಷ್ಯನ ಆಸೆ, ಅಂಜಿಕೆ, ಸಣ್ಣತನ ಎಲ್ಲವನ್ನೂ ತೋರಿಸಿದ್ದಾರೆ. ಅದರ ಬಗ್ಗೆ ಯಾರೂ ಮಾತಾಡುವುದಿಲ್ಲ.

ಹುಟ್ಟಿದ್ದು 1929ರಲ್ಲಿ, ಈಗಿನ ಜೆಕ್ ದೇಶದ ಪೂರ್ವ ಭಾಗವಾದ ಮೊರಾವಿಯಾದ ಇವಾನ್ಚಿತ್ಸೆಯಲ್ಲಿ. ಚಿತ್ರಕಲಾವಿದ ಆಲ್ಫೋನ್ಸ್ ಮುಖಾ ಊರೂ ಅದೇ. ಬ್ರನೊದಲ್ಲಿ ನಾಟಕ ಕಲಿತು, ಪ್ರಾಗ್‌ನ ರಂಗಭೂಮಿಯಲ್ಲಿ ಪಳಗಿ, ಆಮೇಲೆ ಸಿನಿಮಾಕ್ಕೆ ಬಂದರು. ಹೀರೋ ಮುಖ ಅಲ್ಲ. ನೋಡಿದರೆ ಪಕ್ಕದ ಬೀದಿಯ ಅಂಗಡಿಯವನ ಹಾಗೆ. ಆ ಮುಖವೇ ಅವರ ಬಂಡವಾಳ.

ನಿರ್ದೇಶಕ ಮಿಲೋಷ್ ಫೋರ್ಮನ್ ಅವರ ‘ಲವ್ಸ್ ಆಫ್ ಎ ಬ್ಲಾಂಡ್’ (1965) ನೋಡಿದ್ದೀರಾ? ಒಂದು ಸಣ್ಣ ಊರು, ಅಲ್ಲೊಂದು ಶೂ ಫ್ಯಾಕ್ಟರಿ. ಕೆಲಸಕ್ಕೆ ಬರುವವರು ಹೆಚ್ಚಾಗಿ ಹುಡುಗಿಯರೇ, ಊರಲ್ಲಿ ಗಂಡಸರು ತೀರಾ ಕಡಿಮೆ. ಸೈನ್ಯದ ತುಕಡಿ ಬರುತ್ತದೆ ಅಂತ ಹುಡುಗಿಯರು ಕಾಯುತ್ತಾರೆ. ರೈಲಿನಿಂದ ಇಳಿಯುವವರು ಹೊಟ್ಟೆ ಬಂದ, ಮದುವೆಯಾದ, ನಡುವಯಸ್ಸಿನ ಮೀಸಲು ಸೈನಿಕರು! ಅವರಲ್ಲೊಬ್ಬರು ಮೆನ್ಶಿಕ್.

ಆಮೇಲೆ ಡ್ಯಾನ್ಸ್ ಹಾಲ್. ಮೂವರು ಸೈನಿಕರು ಒಂದು ಟೇಬಲ್‌ನಲ್ಲಿ ಕೂತು ಎದುರಿನ ಮೂವರು ಹುಡುಗಿಯರಿಗೆ ಒಂದು ಬಾಟಲಿ ವೈನ್ ಕಳಿಸುತ್ತಾರೆ. ವೇಯ್ಟರ್ ಅದನ್ನು ಬೇರೆ ಟೇಬಲ್‌ಗೆ ಕೊಟ್ಟುಬಿಡುತ್ತಾನೆ. ಈಗ ಅದನ್ನು ವಾಪಸ್ ಕೇಳುವುದು ಹೇಗೆ? ಅಷ್ಟರಲ್ಲಿ ಜೊತೆಗಾರನೊಬ್ಬ ಟೇಬಲ್ ಕೆಳಗೆ ಮದುವೆಯ ಉಂಗುರ ಬಿಚ್ಚಲು ಹೋಗುತ್ತಾನೆ, ಅದು ಜಾರಿ ಹಾಲ್ ತುಂಬಾ ಉರುಳುತ್ತದೆ. ಈ ಗಲಿಬಿಲಿಯಲ್ಲಿ ಮೆನ್ಶಿಕ್ ನಗಿಸಬೇಕು ಅಂತ ಏನೂ ಮಾಡುವುದಿಲ್ಲ. ಧೈರ್ಯ ಇಲ್ಲದವನು ಧೈರ್ಯ ಇದ್ದವನ ಹಾಗೆ ಮಾತಾಡುತ್ತಾನಲ್ಲ, ಅಷ್ಟೇ. ಫೋರ್ಮನ್ ಅವರ ಸಿನಿಮಾಗಳಲ್ಲಿ ನಟನೆ ಗೊತ್ತಿಲ್ಲದ ಸಾಮಾನ್ಯ ಜನ ಜಾಸ್ತಿ. ಅವರ ನಡುವೆ ಕೂತು ಯಾರು ವೃತ್ತಿ ನಟ ಅಂತ ಗೊತ್ತಾಗದ ಹಾಗೆ ಬೆರೆಯುವುದು ಸುಮ್ನೆ ಅಲ್ಲ. ಆ ಮೂವರ ಮೇಲೆ ನನಗೆ ಸಿಟ್ಟೂ ಬರುತ್ತದೆ, ಅಯ್ಯೋ ಪಾಪ ಅಂತಲೂ ಅನಿಸುತ್ತದೆ.

ದೊಡ್ಡ ಪಾತ್ರ ಸಿಕ್ಕಾಗಲೂ ಗೆದ್ದರು. ಓಲ್ಡ್‌ರಿಖ್ ಲಿಪ್ಸ್ಕಿ ಅವರ ‘ಹ್ಯಾಪಿ ಎಂಡ್’ (1967) ಪೂರ್ತಿ ಹಿಂದುಮುಂದಾಗಿ ಓಡುವ ಸಿನಿಮಾ. ಹೆಂಡತಿಯನ್ನು ಕೊಂದ, ಮಾಂಸದ ಅಂಗಡಿಯ ಕಟುಕನ ಕಥೆ. ಮರಣದಂಡನೆಯಲ್ಲಿ ಕಡಿದ ತಲೆ ಬಂದು ಕುತ್ತಿಗೆಗೆ ಕೂರುವುದೇ ಅವನ ‘ಹುಟ್ಟು’. ಇದನ್ನೆಲ್ಲ ತುಂಬಾ ಸಂತೋಷದ ಬದುಕು ಎಂಬಂತೆ ಮೆನ್ಶಿಕ್ ನಮಗೆ ಹೇಳುತ್ತಾ ಹೋಗುತ್ತಾರೆ. ಆ ದನಿಯಲ್ಲಿ ಒಂಚೂರು ಅನುಮಾನ ಇಣುಕಿದ್ದರೂ ಸಿನಿಮಾ ಬಿದ್ದುಹೋಗುತ್ತಿತ್ತು. ಅದೇ ವರ್ಷ ‘ಮಾರ್ಕೇಟಾ ಲಜಾರೋವಾ’ದಲ್ಲಿ ಕುರಿಮರಿಯ ಜೊತೆ ಅಲೆಯುವ ಬಡ ಸನ್ಯಾಸಿ. 1998ರಲ್ಲಿ ಜೆಕ್ ವಿಮರ್ಶಕರು ತಮ್ಮ ಅತ್ಯುತ್ತಮ ಸಿನಿಮಾ ಅಂತ ಆರಿಸಿದ್ದು ಇದನ್ನೇ. ಎರಡನ್ನೂ ಮಾಡಿದವರು ಒಬ್ಬರೇ ಅಂದರೆ ನಂಬಬೇಕಲ್ಲ!

ಹೆಚ್ಚು ಜನ ಅವರನ್ನು ನೋಡಿರುವುದು ‘ಥ್ರೀ ವಿಶಸ್ ಫಾರ್ ಸಿಂಡರೆಲ್ಲಾ’ದಲ್ಲಿ (1973) ಇರಬೇಕು. ಸಿಂಡರೆಲ್ಲಾಗೆ ಮಾಯದ ಮೂರು ಕಾಯಿ ತಂದುಕೊಡುವ ಆಳು ವಿಂಚೆಕ್. ಜರ್ಮನಿ, ನಾರ್ವೆಗಳಲ್ಲೂ ಕ್ರಿಸ್‌ಮಸ್ ಬಂತೆಂದರೆ ಟೀವಿಯಲ್ಲಿ ಈ ಸಿನಿಮಾ ಇರಲೇಬೇಕು. ನಾರ್ವೆಯಲ್ಲಿ ಎಲ್ಲ ಪಾತ್ರಗಳಿಗೂ ಒಬ್ಬನೇ ಗಂಡಸಿನ ದನಿ. ಆದರೂ ವಿಂಚೆಕ್ ಅಲ್ಲಿಯವರಿಗೆ ಮನೆಯವನೇ.

ಹೊಸ ವರ್ಷದ ಹಿಂದಿನ ರಾತ್ರಿಯ ಟೀವಿ ಕಾರ್ಯಕ್ರಮಗಳೇ ಅವರಿಗೆ ಹಾಸ್ಯಗಾರನ ಪಟ್ಟ ಕಟ್ಟಿದ್ದು. ಕೂತು ಕಥೆ ಹೇಳುತ್ತಾ, ತಮ್ಮ ಕಥೆಗೆ ತಾವೇ ನಕ್ಕು ಕಣ್ಣೀರು ಒರೆಸಿಕೊಳ್ಳುತ್ತಿದ್ದರು. ಆದರೆ ಅಸ್ತಮಾ ಅವರನ್ನು ಬಿಟ್ಟಿರಲಿಲ್ಲ. ಕುಡಿತದ ಚಟವೂ ಇತ್ತು, ಅದನ್ನು ಕಷ್ಟಪಟ್ಟು ಬಿಟ್ಟರು. ಉಸಿರೇ ಸಾಲದ ಮನುಷ್ಯ ಇಡೀ ದೇಶವನ್ನು ನಗಿಸುತ್ತಿದ್ದ ಅನ್ನುವುದು ಗೊತ್ತಿದ್ದು ಆ ಕಾರ್ಯಕ್ರಮ ನೋಡಿದರೆ ನಗು ಅಷ್ಟು ಸಲೀಸಾಗಿ ಬರುವುದಿಲ್ಲ.

1988ರ ಮೇ ತಿಂಗಳಲ್ಲಿ ಬ್ರನೊದಲ್ಲಿ ತೀರಿಕೊಂಡರು. ಆಗ ವಯಸ್ಸು 58. ಮುಂದಿನ ವರ್ಷ ಕಮ್ಯುನಿಸ್ಟ್ ಆಡಳಿತ ಬಿತ್ತು. ಅವರು ಊರಿನ ಕಳ್ಳನಾಗಿ ನಟಿಸಿದ್ದ ‘ಆಲ್ ಮೈ ಗುಡ್ ಕಂಟ್ರಿಮೆನ್’ ಆ ಆಡಳಿತ ಬಚ್ಚಿಟ್ಟಿದ್ದ ಸಿನಿಮಾ. ಜನ ಅದನ್ನು ಮತ್ತೆ ರಾಜಾರೋಷವಾಗಿ ನೋಡುವ ಕಾಲಕ್ಕೆ ಅವರಿರಲಿಲ್ಲ.

ಮೊದಲ ಸಲ ನೋಡುವವರು ‘ಹ್ಯಾಪಿ ಎಂಡ್’ನಿಂದ ಶುರು ಮಾಡಬೇಡಿ, ತಲೆ ತಿರುಗುತ್ತದೆ. ಫೋರ್ಮನ್ ಸಿನಿಮಾದಿಂದಲೇ ಶುರು ಮಾಡಿ. ಉಂಗುರ ಉರುಳುವಾಗ ಉಂಗುರ ನೋಡಬೇಡಿ, ಮೆನ್ಶಿಕ್ ಮುಖ ನೋಡಿ.