ಸ್ವಾಧೀನ ಇಲ್ಲದ ಕೈಗೆ ಮೊದಲು

ಕಳೆದ ಡಿಸೆಂಬರ್‌ನಲ್ಲಿ ಒಂದು ರಾತ್ರಿ, ಊಟ ಆದಮೇಲೆ, ನರ್ಸಿಂಗ್ ಓದುವ ಮಗಳು ಪರೀಕ್ಷೆಯ ಅಭ್ಯಾಸಕ್ಕೆ ನನ್ನನ್ನು ಸೋಫಾದ ಮೇಲೆ ಮಲಗಿಸಿದಳು. "ಅಪ್ಪ, ನಿನ್ನ ಬಲಗೈಗೆ ಶಕ್ತಿ ಇಲ್ಲ ಅಂದ್ಕೋ. ಸುಮ್ನೆ ಮಲ್ಕೊಂಡಿರು, ನೀನಾಗೇ ಕೈ ಎತ್ತಬಾರದು" ಅಂದಳು. ಬಾಗಿಲ ಹತ್ತಿರ ಹೋಗಿ ತಟ್ಟಿದಳು. ಒಳಗೆ ಬಂದು ತನ್ನ ಹೆಸರು ಹೇಳಿದಳು. ಈಗ ಏನು ಮಾಡುತ್ತೇನೆ ಅಂತ ವಿವರಿಸಿದಳು. ನಮ್ಮ ಹಾಲ್‌ನಲ್ಲಿ ಪರದೆ ಎಲ್ಲಿದೆ? ಆದರೂ ಇದೆ ಅಂದುಕೊಂಡು ಎಳೆದಳು. ಎರಡು ಅಂಗಿ ಹಿಡಿದು "ಯಾವುದು ಹಾಕ್ಕೋತೀರಿ?" ಎಂದು ಕೇಳಿದಳು. ಆಮೇಲೆ ನಾನು ತೊಟ್ಟಿದ್ದ ಅಂಗಿಯನ್ನು ಎಡಗೈಯಿಂದ ಬಿಡಿಸಿ, ಹೊಸದರ ತೋಳನ್ನು ಬಲಗೈಗೆ ಮೊದಲು ಏರಿಸಿದಳು.

ನನಗೆ ಗಂಟಲು ಕಟ್ಟಿತು. ಇದನ್ನು ನಾನು ಮೊದಲೇ ನೋಡಿದ್ದೆ.

2019ರಲ್ಲಿ ಅಮ್ಮನಿಗೆ ಲಕ್ವ ಹೊಡೆಯಿತು. ಬಲಗಡೆ ಪೂರ್ತಿ ಸ್ವಾಧೀನ ತಪ್ಪಿತು. ನಾನು ಇಲ್ಲಿ ಅಮೆರಿಕದಲ್ಲಿ, ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ನಲ್ಲಿ ಕೆಲಸಕ್ಕೆ ರಜೆ ಹಾಕಿ ಮೈಸೂರಿಗೆ ಓಡಿದೆ. ಕುವೆಂಪುನಗರದ ಮನೆಗೆ ಏಜೆನ್ಸಿಯವರು ಒಬ್ಬ ಹೋಮ್ ನರ್ಸ್ ಕಳಿಸಿದರು. ಹಾವೇರಿ ಕಡೆಯ ಹುಡುಗಿ, ಇಪ್ಪತ್ತೈದು ವಯಸ್ಸು ಇರಬಹುದು. ಮೊದಲ ದಿನ ನಾನು ಅಮ್ಮನಿಗೆ ನೈಟಿ ಹಾಕಲು ಒದ್ದಾಡುತ್ತಿದ್ದಾಗ ಹತ್ತಿರ ಬಂದು ಮೆಲ್ಲಗೆ ಹೇಳಿದಳು: "ಅಣ್ಣಾರ, ಸ್ವಾಧೀನ ಇಲ್ದ ಕೈಗೆ ಮೊದ್ಲ ತೋಳು ಹಾಕ್ಬೇಕ್ರಿ. ತೆಗ್ಯಾಗ ಚಲೋ ಇದ್ದ ಕೈಯಿಂದ ಸುರು ಮಾಡ್ಬೇಕು. ಇಲ್ಲಾಂದ್ರ ಅಜ್ಜಿ ಭುಜ ನೋವಾಗ್ತೈತಿ."

ಇದನ್ನು ಎಲ್ಲಿ ಕಲಿತೆ ಅಂತ ಕೇಳಿದೆ. ಜಿಎನ್‌ಎಂ, ಅಂದರೆ ನರ್ಸಿಂಗ್ ಡಿಪ್ಲೊಮಾ, ಓದುತ್ತಿದ್ದಳಂತೆ. ಮೊದಲ ವರ್ಷ ಪಾಸಾಗಿ, ಎರಡನೇ ವರ್ಷದ ಮಧ್ಯದಲ್ಲಿ ಅಪ್ಪ ತೀರಿಕೊಂಡರು. ಫೀಸು ಕಟ್ಟಲು ಆಗಲಿಲ್ಲ, ಬಿಟ್ಟಳು. ಬಾಕಿ ಕಟ್ಟುವವರೆಗೆ ಮಾರ್ಕ್ಸ್ ಕಾರ್ಡ್ ಕೊಡುವುದಿಲ್ಲ ಎಂದು ಕಾಲೇಜಿನವರು ಇಟ್ಟುಕೊಂಡರು. ಏಜೆನ್ಸಿಯ ಲೆಕ್ಕದಲ್ಲಿ ಅವಳೂ ಒಂದೇ, ನಿನ್ನೆ ಊರಿಂದ ಬಸ್ಸು ಹತ್ತಿ ಬಂದ, ಒಂದು ದಿನವೂ ತರಬೇತಿ ಇಲ್ಲದ ಹುಡುಗಿಯೂ ಒಂದೇ. ಸಂಬಳವೂ ಅಷ್ಟೇ.

ಈಗ ನನ್ನ ಮಗಳ ವಿಷಯಕ್ಕೆ ಬರುತ್ತೇನೆ. ಇಲ್ಲಿನ ಕಮ್ಯೂನಿಟಿ ಕಾಲೇಜಿನಲ್ಲಿ ನರ್ಸಿಂಗ್ ಓದುತ್ತಿದ್ದಾಳೆ. ಆರ್‌ಎನ್, ಅಂದರೆ ರಿಜಿಸ್ಟರ್ಡ್ ನರ್ಸ್, ಆಗಲು ಇನ್ನೂ ಒಂದೂವರೆ ವರ್ಷ ಇದೆ. ಆದರೆ ಮೊದಲ ಸೆಮಿಸ್ಟರ್‌ನ 'ಫಂಡಮೆಂಟಲ್ಸ್ ಆಫ್ ನರ್ಸಿಂಗ್' ಮುಗಿಸಿದ್ದಕ್ಕೇ ಅವಳು ಸಿಎನ್‌ಎ ಪರೀಕ್ಷೆಗೆ ಕೂರಬಹುದಿತ್ತು. ಸಿಎನ್‌ಎ ಅಂದರೆ ಸರ್ಟಿಫೈಡ್ ನರ್ಸಿಂಗ್ ಅಸಿಸ್ಟೆಂಟ್. ನರ್ಸಿಂಗ್ ಹೋಮ್‌ನಲ್ಲಿ ಮುದುಕರಿಗೆ ಸ್ನಾನ ಮಾಡಿಸುವವರು, ಊಟ ಮಾಡಿಸುವವರು, ಮಗ್ಗುಲು ಬದಲಿಸುವವರು ಅವರೇ. ನಮ್ಮ ಕಡೆ ಆಯಾ ಅನ್ನುತ್ತೇವಲ್ಲ, ಆ ಕೆಲಸ. ಒಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ಇಲ್ಲಿ ನರ್ಸಿಂಗ್ ಹೋಮ್ ಅಂದರೆ ನಮ್ಮೂರಿನಂತೆ ಸಣ್ಣ ಆಸ್ಪತ್ರೆ ಅಲ್ಲ, ವಯಸ್ಸಾದವರು, ಕೈಲಾಗದವರು ವರ್ಷಗಟ್ಟಲೆ ಇರುವ ಜಾಗ.

ಈ ಕೆಲಸಕ್ಕೆ ಪರೀಕ್ಷೆ ಸುಮ್ನೆ ಬಂದದ್ದಲ್ಲ. ಎಂಬತ್ತರ ದಶಕದಲ್ಲಿ ಇಲ್ಲಿನ ನರ್ಸಿಂಗ್ ಹೋಮ್‌ಗಳ ಸ್ಥಿತಿ ಕೆಟ್ಟಿತ್ತು. 1986ರಲ್ಲಿ ಇನ್‌ಸ್ಟಿಟ್ಯೂಟ್ ಆಫ್ ಮೆಡಿಸಿನ್ ಎಂಬ ತಜ್ಞರ ಸಂಸ್ಥೆ ಅದರ ಬಗ್ಗೆ ದೊಡ್ಡ ವರದಿ ಕೊಟ್ಟಿತು. ಮರುವರ್ಷವೇ, 1987ರಲ್ಲಿ, ನರ್ಸಿಂಗ್ ಹೋಮ್ ಸುಧಾರಣೆಯ ಕಾನೂನು ಬಂತು. ಈ ಕೆಲಸಕ್ಕೆ ಕನಿಷ್ಠ 75 ಗಂಟೆ ತರಬೇತಿ ಬೇಕು, ಪರೀಕ್ಷೆ ಪಾಸಾಗಬೇಕು, ಪ್ರತಿ ರಾಜ್ಯವೂ ಪಾಸಾದವರ ಒಂದು ರಿಜಿಸ್ಟ್ರಿ, ಅಂದರೆ ಹೆಸರುಪಟ್ಟಿ, ಇಡಬೇಕು ಎಂದು ಅದು ಹೇಳಿತು. ರಾಜ್ಯಗಳು ಇದಕ್ಕಿಂತ ಜಾಸ್ತಿ ಕೇಳಬಹುದು. ಕ್ಯಾಲಿಫೋರ್ನಿಯಾ 160 ಗಂಟೆ ಕೇಳುತ್ತದೆ: 60 ಗಂಟೆ ಪಾಠ, 100 ಗಂಟೆ ರೋಗಿಗಳ ಬಳಿ ಕೆಲಸ. ಟೆಕ್ಸಾಸ್ 100 ಕೇಳುತ್ತದೆ.

ನರ್ಸಿಂಗ್ ವಿದ್ಯಾರ್ಥಿ ಈ ಕೋರ್ಸನ್ನು ಮತ್ತೆ ಮಾಡಬೇಕಾಗಿಲ್ಲ. ಅದೇ ಪಾಠವನ್ನು ಕಾಲೇಜಿನಲ್ಲಿ ಕಲಿತಾಗಿದೆ, ಅಲ್ವಾ? ಮಗಳು ಮಾಡಿದ್ದು ಇಷ್ಟೇ. ರಾಜ್ಯದ ಆರೋಗ್ಯ ಇಲಾಖೆಯ 283ಬಿ ಅನ್ನುವ ಅರ್ಜಿ ತುಂಬಿದಳು. ಕಾಲೇಜಿನಿಂದ ಮುಚ್ಚಿದ ಲಕೋಟೆಯಲ್ಲಿ ಅಂಕಪಟ್ಟಿ ಕಳಿಸಿದಳು. ಬೆರಳಚ್ಚು ಕೊಟ್ಟಳು. ಪೊಲೀಸ್ ದಾಖಲೆ ನೋಡದೆ ಯಾರನ್ನೂ ಮುದುಕರ ಹತ್ತಿರ ಬಿಡುವುದಿಲ್ಲ. ಅನುಮತಿ ಬಂದಮೇಲೆ ಪರೀಕ್ಷೆಗೆ ದಿನ ಗೊತ್ತು ಮಾಡಿಕೊಂಡಳು.

ಬೇರೆ ರಾಜ್ಯದಲ್ಲಿರುವ ಕನ್ನಡಿಗ ಮಕ್ಕಳು ಇದನ್ನೇ ನಂಬಿ ಕೂರಬೇಡಿ. ದಾರಿ ರಾಜ್ಯದಿಂದ ರಾಜ್ಯಕ್ಕೆ ಬೇರೆ. ನಿಮ್ಮ ರಾಜ್ಯದ ನರ್ಸ್ ಏಡ್ (ಸಿಎನ್‌ಎಗಳ) ರಿಜಿಸ್ಟ್ರಿಯ ಕಚೇರಿಯನ್ನೇ ಕೇಳಿ. ಯಾವ ವಿಷಯ ಪಾಸಾಗಿರಬೇಕು, ಎಷ್ಟು ಗಂಟೆ ರೋಗಿಗಳ ಬಳಿ ಇದ್ದಿರಬೇಕು, ಮುಗಿಸಿ ಎಷ್ಟು ದಿನದೊಳಗೆ ಅರ್ಜಿ ಹಾಕಬೇಕು. ಈ ಮೂರು ಮುಖ್ಯ. ಫ್ಲೋರಿಡಾದಲ್ಲಿ ಕೋರ್ಸೇ ಮಾಡದೆ ನೇರ ಪರೀಕ್ಷೆಗೆ ಕೂರಬಹುದು. ಅಷ್ಟು ಸಡಿಲ ನನಗೆ ಒಪ್ಪಿಗೆ ಇಲ್ಲ. ಪರೀಕ್ಷೆಯಲ್ಲಿ ರೋಗಿಯ ಜಾಗದಲ್ಲಿ ಮಲಗುವುದು ಸಾಮಾನ್ಯವಾಗಿ ಆರೋಗ್ಯವಾಗಿರುವ ಇನ್ನೊಬ್ಬ ಅಭ್ಯರ್ಥಿ. ನಿಜವಾಗಿ ನೋವಿನಲ್ಲಿರುವ ಒಬ್ಬ ಅಜ್ಜಿಯನ್ನು ಮುಟ್ಟಿ ಕಲಿತ ಕೈ ಬೇರೆ.

ಪರೀಕ್ಷೆಯಲ್ಲಿ ಎರಡು ಭಾಗ. ಬಹಳ ರಾಜ್ಯಗಳಲ್ಲಿ ನಡೆಯುವ ಎನ್‌ಎನ್‌ಎಎಪಿ ಎಂಬ ಸಿಎನ್‌ಎ ಪರೀಕ್ಷೆಯಲ್ಲಿ ಬರವಣಿಗೆಗೆ 70 ಪ್ರಶ್ನೆ. ಓದಲು ಕಷ್ಟ ಇರುವವರು ಪ್ರಶ್ನೆ ಕೇಳಿಸಿಕೊಂಡೂ ಉತ್ತರಿಸಬಹುದು. ಇನ್ನೊಂದು ಕೈಕೆಲಸ. ಐದು ಕೆಲಸ ಕೊಡುತ್ತಾರೆ. ಕೈ ತೊಳೆಯುವುದು ಎಲ್ಲರಿಗೂ ಕಡ್ಡಾಯ. ಬೆರಳ ತುದಿ ಕೆಳಮುಖವಾಗಿರಬೇಕು, ಸೋಪು ಹಚ್ಚಿ ಕನಿಷ್ಠ 20 ಸೆಕೆಂಡ್ ಉಜ್ಜಬೇಕು, ಸಿಂಕ್‌ನ ಒಳಭಾಗವನ್ನು ಒಮ್ಮೆಯೂ ಮುಟ್ಟಬಾರದು. ನಾಡಿ ಎಣಿಸಲು ಕೊಟ್ಟರೆ ಪೂರ್ತಿ ಒಂದು ನಿಮಿಷ ಎಣಿಸಬೇಕು, ಪರೀಕ್ಷಕರ ಎಣಿಕೆಗೂ ನಿಮ್ಮ ಎಣಿಕೆಗೂ ನಾಲ್ಕಕ್ಕಿಂತ ಜಾಸ್ತಿ ವ್ಯತ್ಯಾಸ ಬರಬಾರದು. ಕೆಲವು ಹೆಜ್ಜೆಗಳಿವೆ, ಅದು ತಪ್ಪಿದರೆ ಉಳಿದದ್ದೆಲ್ಲ ಸರಿ ಇದ್ದರೂ ಆ ಕೆಲಸದಲ್ಲಿ ಫೇಲು.

ನನ್ನ ಮನಸ್ಸಿಗೆ ತಟ್ಟಿದ್ದು ಇನ್ನೊಂದು ಬಗೆಯ ಹೆಜ್ಜೆಗಳು. ಹೋಗುವಾಗ ಕರೆಗಂಟೆಯ ಗುಂಡಿ ಅವರ ಕೈಗೆ ಸಿಗುವಂತೆ ಇಟ್ಟಿರಬೇಕು. ಊಟ ಮಾಡಿಸುವಾಗ ನಿಂತುಕೊಂಡು ತುರುಕಬಾರದು, ಎದುರು ಕೂರಬೇಕು. ತಟ್ಟೆಯಲ್ಲಿ ಏನೇನಿದೆ ಅಂತ ಹೇಳಬೇಕು. ಅಂಗಿ ಹಾಕುವ ಮುಂಚೆ ಯಾವುದು ಬೇಕು ಅಂತ ಕೇಳಬೇಕು. ಕೇಳುವುದೂ ಪರೀಕ್ಷೆಯ ಒಂದು ಭಾಗ! ನಾವು ಅಮ್ಮನನ್ನು ಅಷ್ಟು ಚೆನ್ನಾಗಿ ನೋಡಿಕೊಂಡೆವು ಅಂದುಕೊಂಡಿದ್ದೆ. ಆದರೆ ಅಮ್ಮನಿಗೆ ಯಾವ ನೈಟಿ ಬೇಕು ಎಂದು ಒಂದು ದಿನವೂ ಕೇಳಲಿಲ್ಲ. ನಮಗೆ ಹಾಕಲು ಸುಲಭವಾದದ್ದನ್ನು ಹಾಕಿದೆವು. ಜೀವನಪೂರ್ತಿ ಸೀರೆಯ ಬಣ್ಣ ತಾನೇ ಆರಿಸಿದ ಹೆಂಗಸು ಅವರು. ಮಾತು ನಿಂತಿತ್ತು, ತಲೆ ಆಡಿಸಲು ಆಗುತ್ತಿತ್ತು. ಕೇಳಬಹುದಿತ್ತು.

ಹಾಗಂತ ಇಲ್ಲಿನದೆಲ್ಲ ಚೆನ್ನ ಎಂದು ನಾನು ಹೇಳುವುದಿಲ್ಲ. ಒಬ್ಬ ಸಿಎನ್‌ಎ ಒಂದು ಪಾಳಿಯಲ್ಲಿ ತುಂಬಾ ಜನರನ್ನು ನೋಡಿಕೊಳ್ಳಬೇಕು. ಸಂಬಳ ಕಡಿಮೆ, ಬೆನ್ನು ನೋವು ಜಾಸ್ತಿ. ಬಾಗಿಲು ತಟ್ಟಿ ಒಳಗೆ ಬಂದವರು ಎರಡು ಮಾತಾಡಲು ಪುರುಸೊತ್ತಿಲ್ಲದೆ ಹೋಗುತ್ತಾರೆ. ಹಾವೇರಿಯ ಹುಡುಗಿ ಅಮ್ಮನಿಗೆ ಮಜ್ಜಿಗೆ ಅನ್ನ ಮೆತ್ತಗೆ ಹಿಸುಕಿ ತಿನ್ನಿಸುತ್ತಾ ತನ್ನ ಊರಿನ ಜಾತ್ರೆಯ ಕತೆ ಹೇಳುತ್ತಿದ್ದಳು. ಆ ಅರ್ಧ ಗಂಟೆ ಇಲ್ಲಿ ಯಾರ ಹತ್ತಿರವೂ ಇಲ್ಲ.

ಆದರೆ ಇಲ್ಲಿ ಆ ಕೆಲಸಕ್ಕೆ ಹೆಸರಿದೆ, ಪಟ್ಟಿ ಇದೆ. ರಾಜ್ಯದ ರಿಜಿಸ್ಟ್ರಿಯಲ್ಲಿ ಯಾರು ಬೇಕಾದರೂ ಹುಡುಕಿ ನೋಡಬಹುದು. ಮುದುಕರಿಗೆ ಹೊಡೆದದ್ದು, ಅವರ ವಸ್ತು ಕದ್ದದ್ದು ಸಾಬೀತಾದರೆ ಅದೂ ರಿಜಿಸ್ಟ್ರಿಗೆ ಸೇರುತ್ತದೆ. ಫೇಲಾದವರಿಗೆ ಕನಿಷ್ಠ ಮೂರು ಸಲ ಅವಕಾಶ ಕೊಡಬೇಕು ಎಂದು ಕಾನೂನಿದೆ. ನರ್ಸಿಂಗ್ ಹೋಮ್ ಕೆಲಸಕ್ಕೆ ಸೇರಿಸಿಕೊಂಡವರಿಂದ ತರಬೇತಿಯ, ಪರೀಕ್ಷೆಯ ಖರ್ಚು ಕೀಳುವಂತಿಲ್ಲ. ಬಡವರ ಮಕ್ಕಳಿಗೆ ಇದು ದೊಡ್ಡ ಮಾತು.

ಕರ್ನಾಟಕದಲ್ಲಿ ನರ್ಸಿಂಗ್ ಕಾಲೇಜುಗಳಿಗೆ ಬರ ಇಲ್ಲ. ಕೇರಳದಿಂದಲೂ ಮಕ್ಕಳು ಬಂದು ಬೆಂಗಳೂರು, ಮಂಗಳೂರಿನಲ್ಲಿ ಓದುತ್ತಾರೆ. ಜಿಎನ್‌ಎಂ ಮೂರು ವರ್ಷ, ಬಿಎಸ್‌ಸಿ ನಾಲ್ಕು ವರ್ಷ. ಪೂರ್ತಿ ಮುಗಿಸಿದರೆ ರಾಜ್ಯ ನರ್ಸಿಂಗ್ ಕೌನ್ಸಿಲ್‌ನಲ್ಲಿ ನೋಂದಣಿ. ಮಧ್ಯದಲ್ಲಿ ಬಿಟ್ಟರೆ ಕೈಯಲ್ಲಿ ಏನೂ ಇಲ್ಲ. ಜಿಎನ್‌ಎಂ ಮೊದಲ ವರ್ಷದಲ್ಲೇ 'ನರ್ಸಿಂಗ್ ಫೌಂಡೇಶನ್' ಎಂಬ ವಿಷಯ ಇದೆ. ಹಾಸಿಗೆ ಹಾಕುವುದು, ಸ್ನಾನ ಮಾಡಿಸುವುದು, ನಾಡಿ ನೋಡುವುದು, ಮಗ್ಗುಲು ಬದಲಿಸುವುದು, ಎಲ್ಲ ಅದರಲ್ಲೇ. ನನ್ನ ಮಗಳು ಯಾವ ಪಾಠದ ಬಲದ ಮೇಲೆ ಪರೀಕ್ಷೆಗೆ ಕೂತಳೋ, ಆ ಹುಡುಗಿಯೂ ಹೆಚ್ಚುಕಡಿಮೆ ಅದೇ ಪಾಠ ಓದಿ ಪಾಸಾಗಿದ್ದಳು. ಒಬ್ಬಳಿಗೆ ಅದು ಕೆಲಸ ಕೊಡಿಸಿತು. ಇನ್ನೊಬ್ಬಳ ಅಂಕಪಟ್ಟಿ ಒಂದು ಬೀರುವಿನಲ್ಲಿ ಬಿದ್ದಿದೆ.

ಕೇಂದ್ರದ ಕೌಶಲ ಯೋಜನೆಯಲ್ಲಿ 'ಜನರಲ್ ಡ್ಯೂಟಿ ಅಸಿಸ್ಟೆಂಟ್' ಎಂಬ ಕೋರ್ಸ್ ಇದೆ, ನಿಜ. ಆದರೆ ನಾನು ಮಾತಾಡಿದ ನಾಲ್ಕು ಏಜೆನ್ಸಿಗಳಲ್ಲಿ ಒಂದರಲ್ಲೂ ಅದರ ಮಾತೇ ಬರಲಿಲ್ಲ. ಆಧಾರ್ ಕಾರ್ಡ್ ತೋರಿಸಿದರು, ಅಷ್ಟೇ.

ನಾನು ಕೇಳುವುದು ಇಷ್ಟು. ನರ್ಸಿಂಗ್ ಫೌಂಡೇಶನ್ ಪಾಸಾದ ಯಾವ ವಿದ್ಯಾರ್ಥಿಗೂ, ಓದು ಮುಂದುವರಿಸಲಿ ಬಿಡಲಿ, ಒಂದು ಕೈಕೆಲಸದ ಪರೀಕ್ಷೆಗೆ ಕೂರಲು ದಾರಿ ಮಾಡಿ. ತನ್ನ ಕಾಲೇಜಿನವರಲ್ಲ, ಹೊರಗಿನವರು ಪರೀಕ್ಷೆ ಮಾಡಲಿ. ಪಾಸಾದವರ ಹೆಸರನ್ನು ನರ್ಸಿಂಗ್ ಕೌನ್ಸಿಲ್ ಒಂದು ಬೇರೆ ಪಟ್ಟಿಯಲ್ಲಿ ಇಟ್ಟು ಜನ ನೋಡುವಂತೆ ಮಾಡಲಿ. ಫೀಸು ಬಾಕಿ ಎಂದು ಪಾಸಾದ ಅಂಕಪಟ್ಟಿ ತಡೆಯುವುದು ನಿಲ್ಲಲಿ. ಹೀಗೆ ಮಾಡಿದರೆ ನರ್ಸಿಂಗ್ ಓದುವ ಹುಡುಗಿ ಶನಿವಾರ, ಭಾನುವಾರ ದುಡಿದು ತನ್ನ ಫೀಸು ತಾನೇ ಕಟ್ಟಬಹುದು. ನನ್ನ ಮಗಳು ಈಗ ಮಾಡುತ್ತಿರುವುದು ಅದೇ. ನನ್ನಂಥ ದೂರದ ಮಕ್ಕಳು ಅಮ್ಮನನ್ನು ಯಾರ ಕೈಗೆ ಒಪ್ಪಿಸುತ್ತಿದ್ದೇವೆ ಅಂತ ತಿಳಿದುಕೊಂಡು ವಿಮಾನ ಹತ್ತಬಹುದು.

ಇಲ್ಲಿರುವ ನಮ್ಮವರಿಗೆ ಒಂದು ಎಚ್ಚರಿಕೆ. ಊರಲ್ಲಿ ನರ್ಸಿಂಗ್ ಮುಗಿಸಿ ಗಂಡನ ಜೊತೆ ಎಚ್-4 ಎಂಬ ಅವಲಂಬಿತರ ವೀಸಾದಲ್ಲಿ ಬಂದವರು ಸಿಎನ್‌ಎ ಬಗ್ಗೆ ನನ್ನನ್ನು ಕೇಳುತ್ತಾರೆ. ಪರೀಕ್ಷೆ ಪಾಸಾಗುವುದು ಬೇರೆ, ಕೆಲಸ ಮಾಡಲು ಅನುಮತಿ ಇರುವುದು ಬೇರೆ. ಇಎಡಿ ಕಾರ್ಡ್ (ಕೆಲಸದ ಅನುಮತಿ ಪತ್ರ) ಇಲ್ಲದೆ ಒಂದು ದಿನವೂ ಸಂಬಳಕ್ಕೆ ಕೆಲಸ ಮಾಡಬೇಡಿ. ಪಾಸಾದಮೇಲೆ ಸಂಬಳದ ನರ್ಸಿಂಗ್ ಕೆಲಸವಿಲ್ಲದೆ ಸತತ 24 ತಿಂಗಳು ಕಳೆದರೆ ಮತ್ತೆ ಮೊದಲಿಂದ ಶುರು. ಅನುಮತಿ ಹತ್ತಿರ ಬಂದಾಗ ಪರೀಕ್ಷೆ ಬರೆಯುವುದು ಒಳ್ಳೆಯದು.

ಮಗಳಿಗೆ ಐದು ಕೆಲಸಗಳಲ್ಲಿ ಅಂಗಿ ತೊಡಿಸುವುದೂ ಬಂದಿತ್ತು. ಪಾಸಾದಳು. ಆ ಸಂಜೆ ನಾನು ಹಾವೇರಿಯ ಹುಡುಗಿಗೆ ಫೋನ್ ಮಾಡಿದೆ. ಅಮ್ಮ ಹೋಗಿ ಎಷ್ಟೋ ವರ್ಷವಾದರೂ ನಾವು ಹಬ್ಬಕ್ಕೆ ಮಾತಾಡುತ್ತೇವೆ. ಈಗ ಹುಬ್ಬಳ್ಳಿಯಲ್ಲಿ ಇನ್ನೊಬ್ಬ ಅಜ್ಜನನ್ನು ನೋಡಿಕೊಳ್ಳುತ್ತಿದ್ದಾಳೆ, ಬೇರೆ ಏಜೆನ್ಸಿ. ವಿಷಯ ಹೇಳಿ ಫೋನನ್ನು ಮಗಳ ಕೈಗೆ ಕೊಟ್ಟೆ. ಸ್ಪೀಕರ್‌ನಲ್ಲಿ ನನಗೂ ಕೇಳುತ್ತಿತ್ತು.

"ಯಾವ ಕೈಗೆ ಮೊದ್ಲ ಹಾಕಿದಿ ತಂಗಿ?"

"ಬಲಗೈಗೆ ಅಕ್ಕ. ಅದಕ್ಕೇ ಸ್ವಾಧೀನ ಇರಲಿಲ್ಲ."

"ಹೌದ್ ನೋಡು" ಅಂದಳು. ಅಷ್ಟರಲ್ಲಿ ಆ ಕಡೆಯಿಂದ ಅಜ್ಜ ಕರೆದರು. "ಆಮೇಲೆ ಮಾಡ್ತೇನ್ರಿ ಅಣ್ಣಾರ" ಎಂದು ಫೋನ್ ಇಟ್ಟಳು.