ಮೂವತ್ತು ಕೊಪೆಕ್‌ಗಳ ಅದೃಷ್ಟ

ದುಡಿಯದೆ ಬಂದ ಹಣವನ್ನು ಹೀಗಳೆಯುವ ಸಮಾಜವಾದಿ ಸರ್ಕಾರವೇ ಲಾಟರಿ ಟಿಕೆಟು ಮಾರಿದರೆ, ಅದನ್ನು ಆಷಾಢಭೂತಿತನವೆಂದು ಕರೆದು ಸುಮ್ಮನಾಗುವುದು ಸುಲಭ. ಸೋವಿಯತ್ ಒಕ್ಕೂಟದ ವಿಷಯದಲ್ಲಿ ನಾನೂ ಬಹುಕಾಲ ಹಾಗೆಯೇ ತಿಳಿದಿದ್ದೆ. ಈಗ ಆ ಮಾತು ಅರ್ಧ ಸತ್ಯವೆನ್ನಿಸುತ್ತದೆ.

1928ರಲ್ಲಿ ಅಲ್ಲಿನ ಜೂಜುಕಟ್ಟೆಗಳಿಗೆ ಬೀಗ ಬಿತ್ತು. ಆದರೆ ನೌಕರರ ಸಂಬಳದಿಂದ ಹೆಚ್ಚುಕಡಿಮೆ ಕಡ್ಡಾಯವಾಗಿಯೇ ಮುರಿದುಕೊಂಡು ಕೊಡುತ್ತಿದ್ದ ಸರ್ಕಾರಿ ಸಾಲಪತ್ರಗಳಲ್ಲಿ (ಬಾಂಡ್) ಹಲವಕ್ಕೆ ಚೀಟಿ ಎತ್ತಿ ಬಹುಮಾನ ಹಂಚುವ ಪದ್ಧತಿಯಿತ್ತು. 1957ರಲ್ಲಿ ಸೋವಿಯತ್ ನಾಯಕ ಕ್ರುಶ್ಚೇವ್ ಅವುಗಳ ಮರುಪಾವತಿಯನ್ನೇ ಇಪ್ಪತ್ತು ವರ್ಷ ಮುಂದೂಡಿದರು. ನನ್ನನ್ನು ಕೇಳಿದರೆ, ಯಾವ ಲಾಟರಿಗಿಂತಲೂ ದೊಡ್ಡ ಮೋಸ ಅದು. ಲಾಟರಿಯಲ್ಲಿ ಕಳೆದುಕೊಳ್ಳುವವನು ಕೊನೆಯಪಕ್ಷ ತಾನಾಗಿಯೇ ಜೇಬಿಗೆ ಕೈ ಹಾಕಿರುತ್ತಾನೆ.

ಅದರ ಬೆನ್ನಿಗೇ ಹಣ ಮತ್ತು ವಸ್ತುಗಳ ಲಾಟರಿ ಬಂತು. 1961ರಲ್ಲಿ ಹೊಸ ರೂಬಲ್ ಬಂದ ಮೇಲೆ ಟಿಕೆಟಿಗೆ ಮೂವತ್ತು ಕೊಪೆಕ್ (ನೂರು ಕೊಪೆಕ್‌ಗೆ ಒಂದು ರೂಬಲ್). ಬಹುಮಾನವಾಗಿ ಕಾರು, ಮೋಟಾರ್ ಸೈಕಲ್, ರೆಫ್ರಿಜರೇಟರ್, ಹೊಲಿಗೆ ಯಂತ್ರ. ಇದರ ನಿಜವಾದ ಸೆಳೆತ ಬಹುಮಾನದ ಬೆಲೆಯಲ್ಲಿರಲಿಲ್ಲ. ಕೈಯಲ್ಲಿ ರೂಬಲ್ ಇದ್ದರೂ ಕಾರಿಗಾಗಿ ವರ್ಷಗಟ್ಟಲೆ ಸರದಿ ಕಾಯಬೇಕಾಗಿದ್ದ ನಾಡಿನಲ್ಲಿ ಆ ಟಿಕೆಟು ಸರದಿಯನ್ನೇ ದಾಟಿಸುತ್ತಿತ್ತು. ಆದ್ದರಿಂದಲೇ ಕಾರು ಗೆದ್ದ ಟಿಕೆಟನ್ನು ಕಾರಿನ ಬೆಲೆಗಿಂತ ಹೆಚ್ಚು ಕೊಟ್ಟು ಗುಟ್ಟಾಗಿ ಕೊಳ್ಳುವವರಿದ್ದರು. ಲೆಕ್ಕ ಕೊಡಲಾಗದ ಹಣವಿದ್ದವನಿಗೆ ಅದು ಕಾರಿನ ಜೊತೆಗೆ ಕಾರು ಬಂದ ಬಗೆಗೊಂದು ಸಮಜಾಯಿಷಿಯನ್ನೂ ಒದಗಿಸುತ್ತಿತ್ತು. ವಸ್ತುವನ್ನು ಹಂಚುವ ಅಧಿಕಾರವೂ ಅದೃಷ್ಟವನ್ನು ಮಾರುವ ಅಧಿಕಾರವೂ ಸರ್ಕಾರದ ಕೈಯಲ್ಲೇ ಇದ್ದವು, ಒಂದರ ಕೊರತೆಯಿಂದ ಇನ್ನೊಂದಕ್ಕೆ ಗಿರಾಕಿ ಹುಟ್ಟುತ್ತಿತ್ತು.

1970ರಲ್ಲಿ ಬಂದ ಸ್ಪೋರ್ಟ್‌ಲೋಟೋ ಎಂಬ, ಸಂಖ್ಯೆ ಆರಿಸಿ ಆಡುವ ಸರ್ಕಾರಿ ಲಾಟರಿ ಇನ್ನೂ ಜಾಣತನದ್ದು. 49 ಸಂಖ್ಯೆಗಳಿಗೆ 49 ಕ್ರೀಡೆಗಳ ಹೆಸರು ಕೊಟ್ಟು, ಅರ್ಧ ಹಣವನ್ನು ಗೆದ್ದವರಿಗೆ ಹಂಚಿ, ಉಳಿದುದನ್ನು ಕ್ರೀಡೆಗೆ ಬಳಸುವ ಏರ್ಪಾಡು ಅದು. ಜೂಜಿಗೆ ವ್ಯಾಯಾಮದ ಉಡುಪು ತೊಡಿಸಿದಂತೆ!

ವಸ್ತುಗಳಿಗೆ ಸರದಿ ಕಾಯಬೇಕಿತ್ತೆಂಬ ಆ ಸಮರ್ಥನೆ ಕೇರಳದ ಸರ್ಕಾರಿ ಲಾಟರಿಗೆ ಒದಗುವುದಿಲ್ಲ. 1967ರಲ್ಲಿ ಕಮ್ಯುನಿಸ್ಟ್ ನಾಯಕ ಇ.ಎಂ.ಎಸ್. ನಂಬೂದಿರಿಪಾಡರ ಸರ್ಕಾರ ರಾಜ್ಯ ಲಾಟರಿಯನ್ನು ಆರಂಭಿಸಿದಾಗ ಟಿಕೆಟಿನ ಬೆಲೆ ಒಂದು ರೂಪಾಯಿ, ಮೊದಲ ಬಹುಮಾನ ಐವತ್ತು ಸಾವಿರ. ಅಂಗವಿಕಲರೂ ಸೇರಿದಂತೆ ಎಷ್ಟೋ ಮಂದಿ ಈ ಟಿಕೆಟು ಮಾರಿ ಬದುಕುತ್ತಿದ್ದಾರೆಂಬುದನ್ನು ಒಪ್ಪುತ್ತೇನೆ. ಆದರೂ ಉಳ್ಳವನಿಂದ ಹೆಚ್ಚು ತೆರಿಗೆ ಕೇಳಬೇಕೆನ್ನುವ ಪಕ್ಷ ಕೂಲಿಯವನ ದಿನಗಳಿಕೆಯಿಂದ ಖಜಾನೆ ತುಂಬಿಸಿಕೊಳ್ಳುವಾಗ, ನಾನು ಮೊದಲು ಹೇಳಿದ ಅರ್ಧ ಸತ್ಯ ಅಲ್ಲಿ ಪೂರ್ಣವಾಗುತ್ತದೆ. ಕರ್ನಾಟಕ 2007ರಲ್ಲಿ ಲಾಟರಿಯನ್ನು ನಿಷೇಧಿಸಿತು. ಗಡಿಯ ತಲಪಾಡಿ ದಾಟಿ ಕೇರಳದ ಮಂಜೇಶ್ವರಕ್ಕೆ ಹೋದರೆ ಟಿಕೆಟು ಈಗಲೂ ಸಿಗುತ್ತದೆ.